ಡಫರಿನ್: ಹಡಗಿನ ಮೇಲೊಂದು ಪಾಠಶಾಲೆ

ಮುಂಬಯಿಯ ಮಜಗಾಂವ್ ಕಡಲ ತೀರದಲ್ಲಿ ನಾಲ್ಕೂವರೆ ದಶಕಗಳ ಕಾಲ ಒಂದು ಹಡಗು ಲಂಗರು ಹಾಕಿ ನಿಂತಿತ್ತು. ಅದು ಸರಕು ಸಾಗಿಸುತ್ತಿರಲಿಲ್ಲ, ಪ್ರಯಾಣಿಕರನ್ನೂ ಒಯ್ಯುತ್ತಿರಲಿಲ್ಲ. ಅದರ ಅಟ್ಟಗಳ ಮೇಲೆ ತರಗತಿಗಳು ನಡೆಯುತ್ತಿದ್ದವು. ದೇಶದ ನಾನಾ ಭಾಗಗಳಿಂದ ಬಂದ ಹುಡುಗರು ಅಲ್ಲಿಯೇ ಉಂಡು, ಅಲ್ಲಿಯೇ ಮಲಗಿ, ನೌಕಾಯಾನದ ಅಕ್ಷರಾಭ್ಯಾಸ ಮಾಡುತ್ತಿದ್ದರು. ‘ಡಫರಿನ್’ ಎಂಬ ಹೆಸರಿನ ಈ ತರಬೇತಿ ಹಡಗು 1927ರಲ್ಲಿ ಆರಂಭವಾಗಿ 1972ರವರೆಗೆ ಕಾರ್ಯ ನಿರ್ವಹಿಸಿತು.

ಭಾರತೀಯರು ಹಡಗಿನ ಖಲಾಸಿಗಳಾಗಬಲ್ಲರೇ ಹೊರತು ಅಧಿಕಾರಿಗಳಾಗಲಾರರು ಎಂಬ ನಂಬಿಕೆ ಬೇರೂರಿದ್ದ ಕಾಲದಲ್ಲಿ ಹುಟ್ಟಿದ ಸಂಸ್ಥೆ ಇದು. ಸ್ವತಂತ್ರ ಭಾರತದ ವಾಣಿಜ್ಯ ನೌಕೆಗಳ ಕ್ಯಾಪ್ಟನ್ನರು, ಬಂದರುಗಳ ಪೈಲಟ್‌ಗಳು, ನೌಕಾಪಡೆಯ ಪ್ರಥಮ ಭಾರತೀಯ ಮುಖ್ಯಸ್ಥರು ಈ ಹಡಗಿನ ಮೇಲೆ ಕಲಿತವರು. ಅದರ ಕಥೆಯನ್ನು ಅರಿಯಬೇಕಾದರೆ, ಮೊದಲು ಹಡಗನ್ನೇ ಶಾಲೆಯಾಗಿಸುವ ಪದ್ಧತಿ ಹೇಗೆ ಬಂದಿತೆಂಬುದನ್ನು ನೋಡಬೇಕು.

ಹಡಗೇ ಏಕೆ ಶಾಲೆ?

ಹತ್ತೊಂಬತ್ತನೆಯ ಶತಮಾನದ ಮಧ್ಯಭಾಗದವರೆಗೆ ಬ್ರಿಟನ್ನಿನಲ್ಲಿ ವ್ಯಾಪಾರಿ ಹಡಗುಗಳ ಅಧಿಕಾರಿಯಾಗಲು ನಿರ್ದಿಷ್ಟ ಪರೀಕ್ಷೆಯ ಕಟ್ಟುಪಾಡು ಇರಲಿಲ್ಲ. ಹಡಗಿನ ಮಾಲೀಕ ಒಪ್ಪಿದರೆ ಸಾಕಿತ್ತು. ಅನರ್ಹರ ಕೈಯಲ್ಲಿ ಹಡಗುಗಳು ಮುಳುಗಿ ಜೀವಹಾನಿಯಾಗುವುದು ಹೆಚ್ಚಿದಾಗ, 1850ರಲ್ಲಿ ಬ್ರಿಟಿಷ್ ಸಂಸತ್ತು ಕಾನೂನೊಂದನ್ನು ಮಾಡಿ, ವಿದೇಶಯಾನದ ಹಡಗುಗಳ ಮಾಸ್ಟರ್ ಮತ್ತು ಮೇಟ್‌ಗಳಿಗೆ ಪರೀಕ್ಷೆಯನ್ನು ವಿಧಿಸಿತು. ಪರೀಕ್ಷೆ ಬಂದ ಮೇಲೆ ಅದಕ್ಕೆ ಸಿದ್ಧಪಡಿಸುವ ಶಾಲೆಗಳು ಬೇಕಾದುವು.

ಆಗ ಹೊಳೆದ ಉಪಾಯವೆಂದರೆ, ನೌಕಾಪಡೆಗೆ ಬೇಡವಾದ ಹಳೆಯ ಯುದ್ಧನೌಕೆಗಳನ್ನು ನದೀಮುಖದಲ್ಲಿ ನಿಲ್ಲಿಸಿ ಶಾಲೆ ನಡೆಸುವುದು. ಹೊಸ ಕಟ್ಟಡದ ವೆಚ್ಚವಿಲ್ಲ. ವಿದ್ಯಾರ್ಥಿ ಮೊದಲ ದಿನದಿಂದಲೇ ಅಟ್ಟ, ಕೂವೆ, ಹಗ್ಗ, ದೋಣಿಗಳ ನಡುವೆ ಬದುಕುತ್ತಾನೆ. ದಡಕ್ಕೆ ಹೋಗಬೇಕಾದರೂ ದೋಣಿಗೆ ಹುಟ್ಟು ಹಾಕಲೇಬೇಕು. ಉಬ್ಬರ, ಇಳಿತ, ಗಾಳಿಗಳನ್ನು ಪುಸ್ತಕದಲ್ಲಿ ಓದುವ ಮೊದಲೇ ಅವನ ಮೈ ತಿಳಿದಿರುತ್ತದೆ.

ಲಿವರ್‌ಪೂಲ್‌ನ ಮರ್ಸೀ ನದಿಯಲ್ಲಿ 1859ರಲ್ಲಿ ‘ಕಾನ್ವೇ’ ಎಂಬ ತರಬೇತಿ ಹಡಗು ಆರಂಭವಾಯಿತು. 1862ರಲ್ಲಿ ಥೇಮ್ಸ್ ನದಿಯಲ್ಲಿ ‘ವೂಸ್ಟರ್’ ಬಂದಿತು. ಇವೆರಡೂ ಬ್ರಿಟಿಷ್ ವಾಣಿಜ್ಯ ನೌಕೆಗಳಿಗೆ ಅಧಿಕಾರಿಗಳನ್ನು ಒದಗಿಸುವ ಪ್ರಮುಖ ಕೇಂದ್ರಗಳಾದವು. ಕಾನ್ವೇಯಲ್ಲಿ ಎರಡು ವರ್ಷ ಕಲಿತವನಿಗೆ ಒಂದು ವರ್ಷದ ಸಮುದ್ರಸೇವೆ ಸಲ್ಲಿಸಿದಷ್ಟೇ ಮಾನ್ಯತೆ ದೊರೆಯುತ್ತಿತ್ತು. 1875ರಲ್ಲಿ ಇಂಗ್ಲಿಷ್ ಕಡಲ್ಗಾಲುವೆಯನ್ನು ಈಜಿ ದಾಟಿದ ಮ್ಯಾಥ್ಯೂ ವೆಬ್, ಮುಂದೆ ಇಂಗ್ಲೆಂಡಿನ ಆಸ್ಥಾನಕವಿಯಾದ ಜಾನ್ ಮೇಸ್‌ಫೀಲ್ಡ್, 1912ರಲ್ಲಿ ಟೈಟಾನಿಕ್ ದುರಂತದಲ್ಲಿ ಬದುಕುಳಿದವರನ್ನು ರಕ್ಷಿಸಿದ ‘ಕಾರ್ಪೇಥಿಯಾ’ ಹಡಗಿನ ಕ್ಯಾಪ್ಟನ್ ಆರ್ಥರ್ ರಾಸ್ಟ್ರನ್ ಕಾನ್ವೇ ಹಡಗಿನ ವಿದ್ಯಾರ್ಥಿಗಳು. ರಷ್ಯಾದ ನೌಕಾಬಲವನ್ನು 1905ರಲ್ಲಿ ಸೋಲಿಸಿದ ಜಪಾನಿನ ಅಡ್ಮಿರಲ್ ಟೋಗೋ ತಮ್ಮ ತಾರುಣ್ಯದಲ್ಲಿ ವೂಸ್ಟರ್‌ನಲ್ಲಿ ಕಲಿತವರು.

ಏಷ್ಯಾದ ಒಂದು ದೇಶದ ತರುಣನಿಗೆ ಬ್ರಿಟನ್ನಿನ ತರಬೇತಿ ಹಡಗಿನಲ್ಲಿ ಎಡೆ ದೊರೆತು ಅರ್ಧ ಶತಮಾನ ಕಳೆದ ಮೇಲೂ, ಬ್ರಿಟನ್ನಿನ ಆಳ್ವಿಕೆಯಲ್ಲೇ ಇದ್ದ ಭಾರತದಲ್ಲಿ ಅಂಥ ಒಂದು ಶಾಲೆಯೂ ಇರಲಿಲ್ಲ ಎಂಬುದು ಗಮನಾರ್ಹ.

ಖಲಾಸಿಗಳಿದ್ದರು, ಅಧಿಕಾರಿಗಳಿರಲಿಲ್ಲ

ಭಾರತದ ಕರಾವಳಿಯಲ್ಲಿ ನಾವಿಕರಿಗೆ ಕೊರತೆಯೇನೂ ಇರಲಿಲ್ಲ. ಕಛ್, ಕಾಠಿಯಾವಾಡ, ರತ್ನಾಗಿರಿ, ಗೋವಾ, ಮಲಬಾರ್ ಹಾಗೂ ಪೂರ್ವ ಬಂಗಾಳಗಳಿಂದ ಸಾವಿರಾರು ಮಂದಿ ಬ್ರಿಟಿಷ್ ಹಡಗುಗಳಲ್ಲಿ ದುಡಿಯುತ್ತಿದ್ದರು. ‘ಲಾಸ್ಕರ್’ ಎಂದು ಕರೆಯಲ್ಪಡುತ್ತಿದ್ದ ಇವರು ಅಟ್ಟ ತೊಳೆಯುವುದು, ಹಗ್ಗ ಎಳೆಯುವುದು, ಬಾಯ್ಲರಿಗೆ ಕಲ್ಲಿದ್ದಲು ತುಂಬುವುದು, ಅಡುಗೆ ಮಾಡುವುದು ಮೊದಲಾದ ಕೆಲಸಗಳಲ್ಲಿ ನಿರತರಾಗಿದ್ದರು. ಅವರ ಪೈಕಿ ಮೇಲೇರಿದವನು ತಂಡೇಲನಾಗುತ್ತಿದ್ದ, ಇನ್ನೂ ಮೇಲೇರಿದವನು ಸಾರಂಗನಾಗುತ್ತಿದ್ದ. ಏಣಿ ಅಲ್ಲಿಗೆ ಮುಗಿಯುತ್ತಿತ್ತು. ಹಡಗು ನಡೆಸುವ ಅಧಿಕಾರಿಗಳೆಲ್ಲರೂ ಯೂರೋಪಿಯನ್ನರು.

ಇದಕ್ಕೆ ಹಿನ್ನೆಲೆಯಾಗಿ ಆರ್ಥಿಕ ಕಾರಣವೂ ಇದ್ದಿತು. ಭಾರತದ ಕರಾವಳಿ ವ್ಯಾಪಾರದ ಬಹುಭಾಗ ಬ್ರಿಟಿಷ್ ಇಂಡಿಯಾ ಸ್ಟೀಮ್ ನ್ಯಾವಿಗೇಷನ್‌ನಂಥ ಕಂಪನಿಗಳ ಹಿಡಿತದಲ್ಲಿದ್ದಿತು. ಅದನ್ನು ಎದುರಿಸಲು 1906ರಲ್ಲಿ ವಿ.ಓ. ಚಿದಂಬರಂ ಪಿಳ್ಳೈ ತೂತ್ತುಕುಡಿಯಲ್ಲಿ ಸ್ವದೇಶಿ ಹಡಗು ಕಂಪನಿಯನ್ನು ಸ್ಥಾಪಿಸಿದರು. ದರ ಸಮರದಿಂದಲೂ, 1908ರಲ್ಲಿ ಪಿಳ್ಳೈ ಅವರ ಬಂಧನದಿಂದಲೂ ಆ ಸಾಹಸ ಕುಸಿಯಿತು.

ನಂತರದ ದೊಡ್ಡ ಯತ್ನ ಮುಂಬಯಿಯದು. ವಾಲ್‌ಚಂದ್ ಹೀರಾಚಂದ್, ನರೋತ್ತಮ ಮೊರಾರ್ಜಿ ಮೊದಲಾದವರು ಗ್ವಾಲಿಯರ್ ಮಹಾರಾಜರಿಂದ ‘ಲಾಯಲ್ಟಿ’ ಎಂಬ ಹಡಗನ್ನು ಕೊಂಡು ಸಿಂಧಿಯಾ ಸ್ಟೀಮ್ ನ್ಯಾವಿಗೇಷನ್ ಕಂಪನಿಯನ್ನು ಕಟ್ಟಿದರು. 1919ರ ಏಪ್ರಿಲ್ 5ರಂದು ಲಾಯಲ್ಟಿ ಮುಂಬಯಿಯಿಂದ ಲಂಡನ್ನಿಗೆ ಹೊರಟಿತು. ಆ ದಿನದ ನೆನಪಿಗಾಗಿ 1964ರಿಂದ ಏಪ್ರಿಲ್ 5ನ್ನು ರಾಷ್ಟ್ರೀಯ ನೌಕಾಯಾನ ದಿನವಾಗಿ ಆಚರಿಸಲಾಗುತ್ತಿದೆ. ಇದೇ ವಾಲ್‌ಚಂದ್ ಮುಂದೆ 1940ರಲ್ಲಿ ಮೈಸೂರು ಸಂಸ್ಥಾನದ ನೆರವಿನೊಂದಿಗೆ ಬೆಂಗಳೂರಿನಲ್ಲಿ ಹಿಂದೂಸ್ಥಾನ್ ವಿಮಾನ ಕಾರ್ಖಾನೆಯನ್ನು ಆರಂಭಿಸಿದರೆಂಬುದು ಕನ್ನಡಿಗರಿಗೆ ತಿಳಿದ ಸಂಗತಿ.

ಆದರೆ ಭಾರತೀಯರ ಹಡಗಿಗೂ ಅಧಿಕಾರಿಗಳನ್ನು ಹೊರಗಿನಿಂದಲೇ ತರಬೇಕಾಗಿತ್ತು. ಬಂಡವಾಳ ನಮ್ಮದು, ಸರಕು ನಮ್ಮದು, ಖಲಾಸಿಗಳೂ ನಮ್ಮವರು, ಹಡಗು ನಡೆಸುವವರು ಮಾತ್ರ ಬೇರೆಯವರು ಎಂಬ ಸ್ಥಿತಿ ಅದು.

ಶಾಸನಸಭೆಯಲ್ಲಿ ನೌಕಾಯಾನದ ಪ್ರಶ್ನೆ

1919ರ ಸುಧಾರಣೆಗಳ ಬಳಿಕ ರಚಿತವಾದ ಕೇಂದ್ರ ಶಾಸನಸಭೆಯಲ್ಲಿ ಈ ಪ್ರಶ್ನೆ ಮೇಲೆದ್ದಿತು. ಮದರಾಸಿನ ಹೆಸರಾಂತ ನ್ಯಾಯವಾದಿ ಸರ್ ಪಿ.ಎಸ್. ಶಿವಸ್ವಾಮಿ ಅಯ್ಯರ್ ಅವರು 1922ರ ಜನವರಿಯಲ್ಲಿ ನಿರ್ಣಯವೊಂದನ್ನು ಮಂಡಿಸಿ, ಭಾರತೀಯ ವಾಣಿಜ್ಯ ನೌಕಾಬಲವನ್ನು ಬೆಳೆಸುವ ಮಾರ್ಗಗಳನ್ನು ಪರಿಶೀಲಿಸಲು ಸಮಿತಿ ರಚಿಸಬೇಕೆಂದು ಒತ್ತಾಯಿಸಿದರು. ಅದರ ಫಲವಾಗಿ 1923ರಲ್ಲಿ ಭಾರತೀಯ ವಾಣಿಜ್ಯ ನೌಕಾ ಸಮಿತಿ ನೇಮಕವಾಯಿತು. ರಾಯಲ್ ಇಂಡಿಯನ್ ಮೆರೀನ್‌ನ ನಿರ್ದೇಶಕರಾಗಿದ್ದ ಕ್ಯಾಪ್ಟನ್ ಇ.ಜೆ. ಹೆಡ್‌ಲಾಮ್ ಅದರ ಅಧ್ಯಕ್ಷರು.

ಸಮಿತಿ 1924ರಲ್ಲಿ ವರದಿ ಸಲ್ಲಿಸಿತು. ಅದರಲ್ಲಿ ಎರಡು ಶಿಫಾರಸುಗಳು ಮುಖ್ಯವಾಗಿದ್ದವು. ಮೊದಲನೆಯದು, ಕಾನ್ವೇ ಮತ್ತು ವೂಸ್ಟರ್ ಮಾದರಿಯಲ್ಲಿ ಭಾರತೀಯ ಹುಡುಗರಿಗಾಗಿ ಮುಂಬಯಿಯಲ್ಲಿ ತರಬೇತಿ ಹಡಗೊಂದನ್ನು ಸ್ಥಾಪಿಸುವುದು. ಎರಡನೆಯದು, ಪರವಾನಗಿ ಪದ್ಧತಿಯ ಮೂಲಕ ಕರಾವಳಿ ವ್ಯಾಪಾರವನ್ನು ಕ್ರಮೇಣ ಭಾರತೀಯ ಒಡೆತನದ ಹಡಗುಗಳಿಗೆ ಮೀಸಲಿಡುವುದು. ಸರ್ಕಾರ ಮೊದಲನೆಯದನ್ನು ಒಪ್ಪಿಕೊಂಡಿತು, ಎರಡನೆಯದನ್ನು ಒಪ್ಪಲಿಲ್ಲ. ಅಧಿಕಾರಿಗಳನ್ನು ತಯಾರಿಸುವ ಶಾಲೆ ಬಂದಿತು. ಆದರೆ ಆ ಅಧಿಕಾರಿಗಳಿಗೆ ಕೆಲಸ ಕೊಡಬಲ್ಲ ಹಡಗುಗಳು ಬೆಳೆಯುವ ಹಾದಿ ಮುಚ್ಚಿಯೇ ಇದ್ದಿತು. ಡಫರಿನ್ನಿನ ಮೊದಲ ಇಪ್ಪತ್ತು ವರ್ಷಗಳ ಸಂಕಟಕ್ಕೆ ಇದೇ ಮೂಲ.

ಶಾಲೆಯ ಬಗೆಗೂ ಅನುಮಾನಗಳಿದ್ದವು. ಓದುಬಲ್ಲ ಮನೆತನಗಳ ಹುಡುಗರು ಕಡಲಿನ ಕಷ್ಟ ಸಹಿಸಲಾರರು, ತಂದೆತಾಯಂದಿರು ಅವರನ್ನು ಕಳುಹಿಸಲಾರರು ಎಂಬ ಮಾತು ಕೇಳಿಬರುತ್ತಿದ್ದಿತು. ಸಮುದ್ರೋಲ್ಲಂಘನ ಮಾಡಿದವನು ಜಾತಿಗೆಡುತ್ತಾನೆ ಎಂಬ ಭಾವನೆ ಇನ್ನೂ ಪೂರ್ತಿಯಾಗಿ ಅಳಿದಿರಲಿಲ್ಲವಾದ್ದರಿಂದ, ಈ ಮಾತಿಗೆ ನಮ್ಮವರಲ್ಲೂ ಬೆಂಬಲವಿತ್ತು.

ಹಡಗಿನ ಪೂರ್ವಾಶ್ರಮ

ಶಾಲೆಗಾಗಿ ಆಯ್ಕೆಯಾದ ‘ಡಫರಿನ್’ ಹೊಸ ಹಡಗೇನೂ ಆಗಿರಲಿಲ್ಲ. ಇಂಗ್ಲೆಂಡಿನ ಬ್ಯಾರೋ-ಇನ್-ಫರ್ನೆಸ್ ಪಟ್ಟಣದ ವಿಕರ್ಸ್ ಕಾರ್ಖಾನೆಯಲ್ಲಿ 1904ರಲ್ಲಿ ನಿರ್ಮಾಣವಾದ ಸೈನಿಕ ಸಾಗಾಟದ ಉಗಿಹಡಗು ಅದು. ರಾಯಲ್ ಇಂಡಿಯನ್ ಮೆರೀನ್‌ಗೆ ಸೇರಿದ್ದ ಈ ಹಡಗು ಮೊದಲನೆಯ ಮಹಾಯುದ್ಧದ ಕಾಲದಲ್ಲಿ ಕೆಂಪು ಸಮುದ್ರದಲ್ಲಿ ಸೇವೆ ಸಲ್ಲಿಸಿದ್ದಿತು.

1884ರಿಂದ 1888ರವರೆಗೆ ಭಾರತದ ವೈಸ್‌ರಾಯ್ ಆಗಿದ್ದ ಲಾರ್ಡ್ ಡಫರಿನ್ ಅವರ ಹೆಸರನ್ನು ಹಡಗಿಗೆ ಇಡಲಾಗಿತ್ತು. ಆತ ಸ್ವತಃ ಹಾಯಿಹಡಗಿನ ಪ್ರೇಮಿ. ತರುಣನಾಗಿದ್ದಾಗ, 1856ರಲ್ಲಿ, ಸಣ್ಣ ಹಾಯಿಹಡಗಿನಲ್ಲಿ ಐಸ್‌ಲ್ಯಾಂಡಿನವರೆಗೆ ಯಾನ ಮಾಡಿ, ಮರುವರ್ಷ ಆ ಕುರಿತು ಪುಸ್ತಕವನ್ನೂ ಪ್ರಕಟಿಸಿದ್ದರು. ಭಾರತದ ಹಲವು ನಗರಗಳಲ್ಲಿ ಹೆಂಗಸರ ಆಸ್ಪತ್ರೆಗಳಿಗೆ ಅವರ ಪತ್ನಿ ಲೇಡಿ ಡಫರಿನ್ ಅವರ ಹೆಸರಿದೆ.

ಹಳೆಯ ಸೈನಿಕ ಹಡಗನ್ನು ಶಾಲೆಯಾಗಿ ಮಾರ್ಪಡಿಸಿ ಮಜಗಾಂವ್ ಬಳಿ ನಿಲ್ಲಿಸಲಾಯಿತು. ರಾಯಲ್ ಇಂಡಿಯನ್ ಮೆರೀನ್‌ನ ಕ್ಯಾಪ್ಟನ್ ಡಿಗ್ಬಿ-ಬೆಸ್ಟ್ ಅದರ ಪ್ರಥಮ ಕ್ಯಾಪ್ಟನ್-ಸೂಪರಿಂಟೆಂಡೆಂಟ್. ಕ್ಯಾಪ್ಟನ್ ಎಂದರೆ ಹಡಗಿನ ಅಧಿಪತಿ, ಸೂಪರಿಂಟೆಂಡೆಂಟ್ ಎಂದರೆ ಶಾಲೆಯ ಮುಖ್ಯೋಪಾಧ್ಯಾಯ. ಎರಡೂ ಹೊಣೆ ಒಬ್ಬರ ಮೇಲೆ. 1927ರಲ್ಲಿ ಮೊದಲ ತಂಡದ ವಿದ್ಯಾರ್ಥಿಗಳು ಹಡಗನ್ನೇರಿದರು. ಆರಂಭದಲ್ಲಿ ಶಿಕ್ಷಣದ ಅವಧಿ ಮೂರು ವರ್ಷ.

ಕಲಿಕೆ ಹೇಗಿತ್ತು?

ತರಬೇತಿ ಹಡಗಿನಲ್ಲಿ ವಿದ್ಯಾರ್ಥಿಯನ್ನು ‘ಕೆಡೆಟ್’ ಎಂದು ಕರೆಯುವುದು ರೂಢಿ. ಗಣಿತ, ವಿಜ್ಞಾನ, ಇಂಗ್ಲಿಷ್, ಭೂಗೋಳಗಳಂಥ ಸಾಮಾನ್ಯ ಪಾಠಗಳ ಜೊತೆಗೆ ನೌಕಾವಿದ್ಯೆಯ ಪಾಠಗಳು. ಗಂಟು ಹಾಕುವುದು, ಹಗ್ಗ ಹೆಣೆಯುವುದು, ದೋಣಿಗೆ ಹುಟ್ಟು ಹಾಕುವುದು, ಹಾಯಿ ಬಿಚ್ಚುವುದು, ಬಾವುಟ ಮತ್ತು ದೀಪಗಳಿಂದ ಸಂದೇಶ ಕಳುಹಿಸುವುದು, ನಕ್ಷೆ ಓದುವುದು ಇವೆಲ್ಲ ಕಲಿಯಲೇಬೇಕಾದ ವಿದ್ಯೆಗಳು. ಹಡಗಿನ ಕಾಲಮಾನವೂ ಬೇರೆ. ದಿನವನ್ನು ನಾಲ್ಕು ನಾಲ್ಕು ಗಂಟೆಗಳ ಪಹರೆಗಳಾಗಿ ವಿಂಗಡಿಸಿ, ಅರ್ಧ ಗಂಟೆಗೊಮ್ಮೆ ಘಂಟೆ ಬಾರಿಸಲಾಗುತ್ತದೆ. ಎಂಟು ಘಂಟೆಗಳಾದರೆ ಒಂದು ಪಹರೆ ಮುಗಿದಂತೆ.

ಈ ವಿದ್ಯೆಯ ತಿರುಳೆಂದರೆ, ದಡ ಕಾಣದ ಕಡಲಿನಲ್ಲಿ ತಾನೆಲ್ಲಿದ್ದೇನೆಂದು ಕಂಡುಕೊಳ್ಳುವುದು. ಉಪಗ್ರಹಗಳಿಲ್ಲದ ಆ ಕಾಲದಲ್ಲಿ ಸೂರ್ಯ ಮತ್ತು ನಕ್ಷತ್ರಗಳೇ ದಾರಿದೀಪ. ಸೆಕ್ಸ್‌ಟಂಟ್ ಎಂಬ ಉಪಕರಣದಿಂದ ನಡುಹಗಲಿನ ಸೂರ್ಯ ಕ್ಷಿತಿಜದಿಂದ ಎಷ್ಟು ಡಿಗ್ರಿ ಎತ್ತರದಲ್ಲಿದ್ದಾನೆಂದು ಅಳೆಯುತ್ತಾರೆ. ಹಗಲು ರಾತ್ರಿಗಳು ಸಮವಾಗಿರುವ ವಿಷುವದ ದಿನದಂದು ಮುಂಬಯಿಯಲ್ಲಿ ಈ ಎತ್ತರ ಸುಮಾರು 71 ಡಿಗ್ರಿ. ತೊಂಬತ್ತರಿಂದ ಅದನ್ನು ಕಳೆದರೆ 19, ಅದೇ ಮುಂಬಯಿಯ ಅಕ್ಷಾಂಶ. ಮಂಗಳೂರಿನಲ್ಲಿ ಅಳೆದರೆ ಸುಮಾರು 77 ಡಿಗ್ರಿ ಬರುತ್ತದೆ, ಅಕ್ಷಾಂಶ 13. ಉಳಿದ ದಿನಗಳಲ್ಲಿ ಸೂರ್ಯನ ಉತ್ತರ ಅಥವಾ ದಕ್ಷಿಣದ ಓಟವನ್ನು ಪಂಚಾಂಗದಿಂದ ಲೆಕ್ಕಕ್ಕೆ ಹಿಡಿಯಬೇಕು. ರೇಖಾಂಶಕ್ಕೆ ನಿಖರ ಗಡಿಯಾರ ಬೇಕು. ನಾಲ್ಕು ನಿಮಿಷದ ವ್ಯತ್ಯಾಸವೆಂದರೆ ಒಂದು ಡಿಗ್ರಿ. ಈ ಗಣಿತದಲ್ಲಿ ತಪ್ಪಿದರೆ ಹಡಗು ಬಂಡೆಗೆ ಬಡಿಯುತ್ತದೆ.

ಇನ್ನೊಂದು ಮುಖ್ಯ ಪಾಠ ಕಡಲ ಸಂಚಾರ ನಿಯಮಗಳದು. ಹಡಗಿನ ಎಡಬದಿಗೆ ಕೆಂಪು ದೀಪ, ಬಲಬದಿಗೆ ಹಸಿರು ದೀಪ. ಎರಡು ಯಾಂತ್ರಿಕ ಹಡಗುಗಳು ಎದುರುಬದುರಾದರೆ ಎರಡೂ ಬಲಕ್ಕೆ ಹೊರಳಬೇಕು. ಇಂಥ ನಿಯಮಗಳನ್ನು ಕೆಡೆಟ್‌ಗಳು ನಿದ್ದೆಯಲ್ಲೂ ಒಪ್ಪಿಸುವಂತಿರಬೇಕಿತ್ತು.

ಜಾತಿ, ಮತ, ಪ್ರಾಂತ, ಭಾಷೆಗಳು ಬೇರೆಬೇರೆಯಾಗಿದ್ದ ಹುಡುಗರು ಒಂದೇ ಅಟ್ಟದ ಮೇಲೆ ಬಾಳುವುದೂ ಒಂದು ಶಿಕ್ಷಣವೇ ಆಗಿತ್ತು. ಆದರೆ ಈ ಶಾಲೆಗೂ ಮಿತಿಯಿತ್ತು. ಕಲಿಕೆಯೆಲ್ಲ ಇಂಗ್ಲಿಷ್‌ನಲ್ಲಿ, ಪ್ರವೇಶ ಪರೀಕ್ಷೆಯ ಮೂಲಕ, ಪೋಷಕರು ಶುಲ್ಕ ತೆರಬೇಕು. ಹೀಗಾಗಿ ತಲೆಮಾರುಗಳಿಂದ ಕಡಲನ್ನೇ ನಂಬಿದ್ದ ಖಲಾಸಿ ಹಾಗೂ ಮೀನುಗಾರ ಕುಟುಂಬಗಳ ಮಕ್ಕಳಿಗೆ ಅದರ ಏಣಿ ಸುಲಭವಾಗಿ ಎಟುಕುವಂತಿರಲಿಲ್ಲ.

ಕಲಿತವರಿಗೆ ಕೆಲಸ ಕೊಡುವವರು ಯಾರು?

ತರಬೇತಿ ಮುಗಿಸಿದ ಮಾತ್ರಕ್ಕೆ ಕೆಡೆಟ್ ಅಧಿಕಾರಿಯಾಗುವುದಿಲ್ಲ. ಆತ ಚಲಿಸುವ ಹಡಗೊಂದರಲ್ಲಿ ಅಪ್ರೆಂಟಿಸ್ ಆಗಿ ಕೆಲವು ವರ್ಷ ಸಮುದ್ರಸೇವೆ ಮಾಡಬೇಕು. ಆ ಬಳಿಕವೇ ಸೆಕೆಂಡ್ ಮೇಟ್ ಪರೀಕ್ಷೆಗೆ ಅರ್ಹತೆ. ಅನಂತರ ಫಸ್ಟ್ ಮೇಟ್, ಕೊನೆಗೆ ಮಾಸ್ಟರ್ ಪರೀಕ್ಷೆ. ಮಾಸ್ಟರ್ ಪ್ರಮಾಣಪತ್ರವಿದ್ದವನು ಮಾತ್ರ ವಿದೇಶಯಾನದ ಹಡಗಿನ ಕ್ಯಾಪ್ಟನ್ ಆಗಬಲ್ಲ.

ಭಾರತೀಯ ಹುಡುಗರ ಹಾದಿ ತೊಡಕಾದದ್ದು ಇಲ್ಲಿಯೇ. ಅಪ್ರೆಂಟಿಸ್‌ಗೆ ಹಡಗಿನ ಅಧಿಕಾರಿಗಳ ಜೊತೆಯಲ್ಲಿಯೇ ವಾಸ, ಊಟ. ಬಹುಪಾಲು ಹಡಗುಗಳನ್ನು ಹೊಂದಿದ್ದ ಬ್ರಿಟಿಷ್ ಕಂಪನಿಗಳು ಭಾರತೀಯ ಕೆಡೆಟ್‌ಗಳನ್ನು ಸೇರಿಸಿಕೊಳ್ಳಲು ಹಿಂಜರಿಯುತ್ತಿದ್ದವು. ಡಫರಿನ್ನಿನ ಹುಡುಗರಿಗೆ ಹೆಚ್ಚಿನ ಆಸರೆಯಾದದ್ದು ಸಿಂಧಿಯಾ ಕಂಪನಿ. ಆದರೆ 1923ರಲ್ಲಿ ಬ್ರಿಟಿಷ್ ಕಂಪನಿಗಳೊಡನೆ ಮಾಡಿಕೊಂಡ ಒಪ್ಪಂದದಿಂದಾಗಿ ಸಿಂಧಿಯಾ ತನ್ನ ಹಡಗುಗಳನ್ನು ಇಚ್ಛೆ ಬಂದಷ್ಟು ಹೆಚ್ಚಿಸಿಕೊಳ್ಳುವಂತಿರಲಿಲ್ಲ.

ಕರಾವಳಿ ವ್ಯಾಪಾರವನ್ನು ಭಾರತೀಯ ಹಡಗುಗಳಿಗೆ ಮೀಸಲಿಡಬೇಕೆಂದು ಎಸ್.ಎನ್. ಹಾಜಿ ಅವರು 1928ರಲ್ಲಿ ಶಾಸನಸಭೆಯಲ್ಲಿ ಮಸೂದೆಯೊಂದನ್ನು ಮಂಡಿಸಿದರು. ಅದು ದೇಶಾದ್ಯಂತ ಚರ್ಚೆಗೆ ಗ್ರಾಸವಾಯಿತಾದರೂ ಕಾನೂನಾಗಲಿಲ್ಲ. ಕರಾವಳಿ ವ್ಯಾಪಾರ ಭಾರತೀಯ ಹಡಗುಗಳಿಗೆ ಮೀಸಲಾದದ್ದು ಸ್ವಾತಂತ್ರ್ಯಾನಂತರವೇ.

ಹೀಗಾಗಿ ಆರಂಭದ ವರ್ಷಗಳಲ್ಲಿ ಡಫರಿನ್‌ನಿಂದ ಹೊರಬಂದವರು ವಾಣಿಜ್ಯ ಹಡಗುಗಳ ಜೊತೆಗೆ ಬಂದರುಗಳ ಸೇವೆ, ನದೀಮುಖಗಳ ಸಮೀಕ್ಷೆ ಮೊದಲಾದ ಕೆಲಸಗಳಿಗೂ ಹೋಗಬೇಕಾಯಿತು. ಕೆಲವರು ನೌಕಾಪಡೆಯನ್ನು ಸೇರಿದರು. ಅಲ್ಲಿಯೂ ಬಾಗಿಲು ಆಗಷ್ಟೇ ತೆರೆಯುತ್ತಿದ್ದಿತು. ರಾಯಲ್ ಇಂಡಿಯನ್ ಮೆರೀನ್‌ನಲ್ಲಿ ಡಿ.ಎನ್. ಮುಖರ್ಜಿ ಎಂಬ ಎಂಜಿನಿಯರ್ ಪ್ರಥಮ ಭಾರತೀಯ ಅಧಿಕಾರಿಯಾದದ್ದು 1928ರಲ್ಲಿ. ಆ ಪಡೆಗೆ ರಾಯಲ್ ಇಂಡಿಯನ್ ನೇವಿ ಎಂಬ ಹೆಸರು ಬಂದದ್ದು 1934ರಲ್ಲಿ.

ಮೊದಲ ತಂಡದ ರಾಮದಾಸ್ ಕಟಾರಿ

ಡಫರಿನ್ನಿನ ಪ್ರಥಮ ತಂಡದಲ್ಲಿ ರಾಮದಾಸ್ ಕಟಾರಿ ಎಂಬ ವಿದ್ಯಾರ್ಥಿ ಇದ್ದರು. 1911ರಲ್ಲಿ ಮದರಾಸಿನ ಸಮೀಪದ ಚೆಂಗಲ್‌ಪಟ್ಟಿನಲ್ಲಿ ಜನಿಸಿದವರು. ತರಬೇತಿಯ ನಂತರ ಅವರು ಕೊಲ್ಕತ್ತೆಯ ಹೂಗ್ಲಿ ನದಿಯ ಸಮೀಕ್ಷಾ ಕಾರ್ಯದಲ್ಲಿ ತೊಡಗಿದ್ದರು. ಸದಾ ಸ್ಥಾನ ಬದಲಿಸುವ ಮರಳದಿಣ್ಣೆಗಳ ಹೂಗ್ಲಿಯಲ್ಲಿ ಹಡಗುಗಳಿಗೆ ಆಳದ ದಾರಿ ಗುರುತಿಸಿಕೊಡುವುದು ಕಠಿಣ ಕೆಲಸ. ಎರಡನೆಯ ಮಹಾಯುದ್ಧ ಆರಂಭವಾದಾಗ ಅವರು ನೌಕಾಪಡೆಯ ಮೀಸಲು ದಳವನ್ನು ಸೇರಿದರು. ಯುದ್ಧಾನಂತರ ನೌಕಾಪಡೆಯ ಕಾಯಂ ಅಧಿಕಾರಿಯಾದರು.

1958ರ ಏಪ್ರಿಲ್ 22ರಂದು ವೈಸ್ ಅಡ್ಮಿರಲ್ ಕಟಾರಿ ಭಾರತೀಯ ನೌಕಾಪಡೆಯ ಮುಖ್ಯಸ್ಥರಾಗಿ ಅಧಿಕಾರ ವಹಿಸಿಕೊಂಡರು. ಅವರ ಹಿಂದಿನ ಮುಖ್ಯಸ್ಥರಾಗಿದ್ದ ಸರ್ ಸ್ಟೀಫನ್ ಕಾರ್ಲಿಲ್ ಬ್ರಿಟಿಷ್ ಅಧಿಕಾರಿ. ಸ್ವಾತಂತ್ರ್ಯ ಬಂದು ಸುಮಾರು ಹನ್ನೊಂದು ವರ್ಷಗಳವರೆಗೆ ನಮ್ಮ ನೌಕಾಪಡೆಯ ಚುಕ್ಕಾಣಿ ವಿದೇಶೀಯರ ಕೈಯಲ್ಲಿತ್ತೆಂಬುದು ಇಂದಿನ ಓದುಗರಿಗೆ ಅಚ್ಚರಿ ತರಬಹುದು.

ಮೂರೂ ಪಡೆಗಳನ್ನು ಹೋಲಿಸಿದರೆ ವಿಷಯ ಸ್ಪಷ್ಟವಾಗುತ್ತದೆ. ಕೊಡಗಿನ ಕೆ.ಎಂ. ಕಾರಿಯಪ್ಪನವರು ಭೂಸೇನೆಯ ಪ್ರಥಮ ಭಾರತೀಯ ದಂಡನಾಯಕರಾದದ್ದು 1949ರ ಜನವರಿ 15ರಂದು. ವಾಯುಪಡೆಗೆ 1954ರಲ್ಲಿ ಸುಬ್ರತೋ ಮುಖರ್ಜಿ ಮುಖ್ಯಸ್ಥರಾದರು. ನೌಕಾಪಡೆ 1958ರವರೆಗೆ ಕಾಯಬೇಕಾಯಿತು. ಕಾರಿಯಪ್ಪನವರಿಗೆ ಮೊದಲನೆಯ ಮಹಾಯುದ್ಧದ ಕೊನೆಯ ವೇಳೆಗೇ ಸೇನಾಧಿಕಾರಿಯಾಗುವ ಅವಕಾಶ ದೊರೆತಿತ್ತು. ಕಡಲಿನಲ್ಲಿ ಅಂಥ ಅವಕಾಶ ತೆರೆದದ್ದು ಸುಮಾರು ಹತ್ತು ವರ್ಷ ತಡವಾಗಿ. ಅನುಭವಸ್ಥ ಅಡ್ಮಿರಲ್ ಒಬ್ಬನನ್ನು ರೂಪಿಸಲು ಮೂರು ದಶಕಗಳು ಬೇಕು. 1927ರಲ್ಲಿ ಆರಂಭವಾದ ಶಾಲೆ 1958ರಲ್ಲಿ ನೌಕಾಪಡೆಗೆ ಮುಖ್ಯಸ್ಥನನ್ನು ಕೊಟ್ಟಿತು ಎಂಬ ಲೆಕ್ಕ ಆಕಸ್ಮಿಕವಲ್ಲ. ಶಾಲೆ ಇನ್ನೂ ತಡವಾಗಿದ್ದರೆ ಕಾಯುವಿಕೆಯೂ ದೀರ್ಘವಾಗುತ್ತಿತ್ತು.

ನಿವೃತ್ತಿಯ ನಂತರ ಕಟಾರಿ ಬರ್ಮಾ ದೇಶಕ್ಕೆ ಭಾರತದ ರಾಯಭಾರಿಯಾಗಿದ್ದರು. 1983ರಲ್ಲಿ ನಿಧನರಾದರು.

ರಾಜೇಂದ್ರ, ಬಳಿಕ ಚಾಣಕ್ಯ

ಸ್ವಾತಂತ್ರ್ಯದ ಬಳಿಕ ನೌಕಾಶಿಕ್ಷಣ ವಿಸ್ತಾರಗೊಂಡಿತು. ಹಡಗಿನ ಅಧಿಕಾರಿಗಳು ಮೇಲಿನ ಹಂತದ ಪರೀಕ್ಷೆಗಳಿಗೆ ಸಿದ್ಧರಾಗಲು 1948ರಲ್ಲಿ ಮುಂಬಯಿಯಲ್ಲಿ ನಾಟಿಕಲ್ ಕಾಲೇಜು ಆರಂಭವಾಯಿತು. ಮೆರೀನ್ ಎಂಜಿನಿಯರ್‌ಗಳಿಗಾಗಿ 1949ರಲ್ಲಿ ಪ್ರತ್ಯೇಕ ತರಬೇತಿ ವ್ಯವಸ್ಥೆ ಬಂದಿತು. ಕೊಲ್ಕತ್ತೆ ಅದರ ಮುಖ್ಯ ಕೇಂದ್ರವಾಯಿತು. ಖಲಾಸಿಗಳ ತರಬೇತಿಗೆ ‘ಭದ್ರಾ’, ‘ಮೇಖಲಾ’, ‘ನೌಲಕ್ಷಿ’ ಎಂಬ ಹಡಗುಗಳಿದ್ದವು. ಡಫರಿನ್ ಅಟ್ಟದ ಅಧಿಕಾರಿಗಳ, ಅಂದರೆ ಹಡಗು ನಡೆಸುವವರ ಶಾಲೆಯಾಗಿ ಮುಂದುವರಿಯಿತು. 1961ರಲ್ಲಿ ಸರ್ಕಾರಿ ಒಡೆತನದ ಶಿಪ್ಪಿಂಗ್ ಕಾರ್ಪೊರೇಷನ್ ಆಫ್ ಇಂಡಿಯಾ ಸ್ಥಾಪನೆಯಾದ ಮೇಲೆ ಕೆಡೆಟ್‌ಗಳಿಗೆ ಕೆಲಸದ ಕೊರತೆ ಬಹುಮಟ್ಟಿಗೆ ನೀಗಿತು.

ಅರುವತ್ತು ವರ್ಷ ದಾಟಿದ ಡಫರಿನ್ 1972ರಲ್ಲಿ ನಿವೃತ್ತವಾಯಿತು. ಅದರ ಸ್ಥಾನಕ್ಕೆ ‘ರಾಜೇಂದ್ರ’ ಎಂಬ ತರಬೇತಿ ಹಡಗು ಬಂದಿತು. ವೈಸ್‌ರಾಯ್ ಒಬ್ಬರ ಹೆಸರಿನ ಜಾಗದಲ್ಲಿ ಭಾರತೀಯ ಹೆಸರು ಬಂದಿತಾದರೂ, ನೀರಿನ ಮೇಲೆ ನಿಂತ ಶಾಲೆ ಎಂಬ ಪದ್ಧತಿ ಹಾಗೆಯೇ ಉಳಿಯಿತು. 1993ರಲ್ಲಿ ರಾಜೇಂದ್ರವೂ ನಿವೃತ್ತವಾಗಿ, ಶಾಲೆ ನವಿ ಮುಂಬಯಿಯ ಕರಾವೆ ಎಂಬಲ್ಲಿ ನೆಲದ ಮೇಲಿನ ಕಟ್ಟಡಗಳಿಗೆ ಸ್ಥಳಾಂತರಗೊಂಡಿತು. ಹೊಸ ಹೆಸರು ‘ಟಿ.ಎಸ್. ಚಾಣಕ್ಯ’. ‘ಟಿ.ಎಸ್.’ ಎಂದರೆ ಟ್ರೈನಿಂಗ್ ಶಿಪ್. ಹಡಗಿಲ್ಲದಿದ್ದರೂ ಹೆಸರಿನಲ್ಲಿ ಹಡಗು ಉಳಿದುಕೊಂಡಿದೆ. ನೌಕಾವಿಜ್ಞಾನದಲ್ಲಿ ಮೂರು ವರ್ಷಗಳ ಬಿ.ಎಸ್ಸಿ. ಪದವಿ ಅಲ್ಲಿನ ಪ್ರಮುಖ ಶಿಕ್ಷಣಕ್ರಮ.

2008ರ ನವೆಂಬರ್‌ನಲ್ಲಿ ಚೆನ್ನೈಯಲ್ಲಿ ಕೇಂದ್ರಸ್ಥಾನ ಹೊಂದಿದ ಭಾರತೀಯ ಮೆರಿಟೈಮ್ ವಿಶ್ವವಿದ್ಯಾಲಯ ಅಸ್ತಿತ್ವಕ್ಕೆ ಬಂದಾಗ ಚಾಣಕ್ಯ ಅದರ ಭಾಗವಾಯಿತು. ಡಫರಿನ್ ಹುಡುಗರ ಶಾಲೆಯಾಗಿದ್ದಿತು. ಇಂದು ಚಾಣಕ್ಯದಲ್ಲಿ ಹುಡುಗಿಯರೂ ನೌಕಾಯಾನ ಕಲಿಯುತ್ತಾರೆ.

ಮರೆಯಾದ ಪದ್ಧತಿ

ನಿಂತ ಹಡಗಿನ ಶಾಲೆಗಳು ಜಗತ್ತಿನ ಉಳಿದೆಡೆಗಳಲ್ಲೂ ಕ್ರಮೇಣ ಮರೆಯಾದುವು. ಡಫರಿನ್‌ಗೆ ಮಾದರಿಯಾಗಿದ್ದ ಕಾನ್ವೇಯ ಅಂತ್ಯ ದಾರುಣವಾದುದು. 1839ರಲ್ಲಿ ‘ನೈಲ್’ ಎಂಬ ಹೆಸರಿನಿಂದ ನೀರಿಗಿಳಿದ ಆ ಮರದ ಯುದ್ಧನೌಕೆ 1876ರಿಂದ ಕಾನ್ವೇ ಎಂಬ ಹೆಸರಿನಲ್ಲಿ ಶಾಲೆಯಾಗಿದ್ದಿತು. ಎರಡನೆಯ ಮಹಾಯುದ್ಧದಲ್ಲಿ ಲಿವರ್‌ಪೂಲ್ ಮೇಲೆ ಬಾಂಬ್ ದಾಳಿ ಹೆಚ್ಚಿದಾಗ, 1941ರಲ್ಲಿ ಅದನ್ನು ವೇಲ್ಸ್‌ನ ಮೆನೈ ಜಲಸಂಧಿಗೆ ಒಯ್ಯಲಾಯಿತು. 1953ರ ಏಪ್ರಿಲ್ 14ರಂದು ದುರಸ್ತಿಗಾಗಿ ಎಳೆದೊಯ್ಯುವಾಗ, ಜಲಸಂಧಿಯ ಸೆಳವಿಗೆ ಸಿಕ್ಕಿ ದಡಕ್ಕೆ ಬಡಿದು ಅದರ ಬೆನ್ನು ಮುರಿಯಿತು. 1956ರಲ್ಲಿ ಅದರ ಅವಶೇಷ ಬೆಂಕಿಗೆ ಆಹುತಿಯಾಯಿತು. ದಡದ ಮೇಲೆ ಮುಂದುವರಿದ ಕಾನ್ವೇ ಶಾಲೆ 1974ರಲ್ಲಿ ಮುಚ್ಚಿತು. ವೂಸ್ಟರ್ 1968ರಲ್ಲಿಯೇ ಮುಗಿದಿತ್ತು.

ಇದಕ್ಕೆ ಕಾರಣಗಳು ಸ್ಪಷ್ಟ. ಹಳೆಯ ಹಡಗಿನ ದುರಸ್ತಿಯ ವೆಚ್ಚ ವರ್ಷದಿಂದ ವರ್ಷಕ್ಕೆ ಏರುತ್ತದೆ. ರೇಡಾರ್, ಸಿಮ್ಯುಲೇಟರ್, ಪ್ರಯೋಗಾಲಯಗಳಿಗೆ ಹಳೆಯ ಅಟ್ಟಗಳಲ್ಲಿ ಸ್ಥಳವಿಲ್ಲ. ವಿದ್ಯಾರ್ಥಿಗಳ ಸಂಖ್ಯೆಯನ್ನೂ ಹೆಚ್ಚಿಸುವಂತಿಲ್ಲ. ಅಂತರರಾಷ್ಟ್ರೀಯ ಸಂಸ್ಥೆಯ ಆಶ್ರಯದಲ್ಲಿ 1978ರಲ್ಲಿ ರೂಪುಗೊಂಡ ನಾವಿಕರ ತರಬೇತಿ ಒಪ್ಪಂದ ಎಲ್ಲ ದೇಶಗಳಿಗೂ ಸಮಾನ ಮಾನದಂಡಗಳನ್ನು ವಿಧಿಸಿತು. ಆದರೂ ಕಡಲ ಮೇಲೆಯೇ ಕಲಿಯಬೇಕೆಂಬ ತತ್ತ್ವ ಪೂರ್ತಿ ಅಳಿದಿಲ್ಲ. ಭಾರತೀಯ ನೌಕಾಪಡೆ 1997ರಲ್ಲಿ ‘ತರಂಗಿಣಿ’, 2012ರಲ್ಲಿ ‘ಸುದರ್ಶಿನಿ’ ಎಂಬ ಹಾಯಿಹಡಗುಗಳನ್ನು ತರಬೇತಿಗೆಂದೇ ಸೇವೆಗೆ ಸೇರಿಸಿಕೊಂಡಿತು. ಇವು ನಿಂತ ಹಡಗುಗಳಲ್ಲ. ತರಂಗಿಣಿ 2003-04ರಲ್ಲಿ ಭೂಪ್ರದಕ್ಷಿಣೆಯನ್ನೇ ಮಾಡಿ ಬಂದಿತು.

ಕರ್ನಾಟಕದ ಕರಾವಳಿ

ಡಫರಿನ್ ಆರಂಭವಾದಾಗ ಕಾರವಾರ, ಕುಮಟಾ, ಹೊನ್ನಾವರಗಳು ಮುಂಬಯಿ ಪ್ರಾಂತಕ್ಕೂ ಮಂಗಳೂರು, ಮಲ್ಪೆಗಳು ಮದರಾಸು ಪ್ರಾಂತಕ್ಕೂ ಸೇರಿದ್ದವು. ಮಚ್ವೆ, ಪತ್ತೇಮಾರಿಗಳಲ್ಲಿ ಹಂಚು, ಅಕ್ಕಿ, ಮೆಣಸು ಸಾಗಿಸುತ್ತಿದ್ದ ತಂಡೇಲರು ಈ ತೀರದಲ್ಲಿ ಹೇರಳವಾಗಿದ್ದರು. ನಕ್ಷತ್ರ, ಗಾಳಿ, ನೀರಿನ ಬಣ್ಣಗಳನ್ನು ನೋಡಿ ದಾರಿ ಹೇಳಬಲ್ಲ ಅವರ ವಿದ್ಯೆಗೆ ಪ್ರಮಾಣಪತ್ರವಿರಲಿಲ್ಲ.

ಇಂದು ಪರಿಸ್ಥಿತಿ ಬೇರೆ. 1974ರಲ್ಲಿ ನವಮಂಗಳೂರು ದೇಶದ ಪ್ರಮುಖ ಬಂದರುಗಳ ಸಾಲಿಗೆ ಸೇರಿತು. 2005ರ ಮೇ ತಿಂಗಳಿನಲ್ಲಿ ಕಾರವಾರದ ಬಳಿ ‘ಕದಂಬ’ ನೌಕಾನೆಲೆ ಕಾರ್ಯಾರಂಭ ಮಾಡಿತು. ಭಾರತೀಯ ನಾವಿಕರ ಸಂಖ್ಯೆ 2 ಲಕ್ಷವನ್ನು ದಾಟಿದೆ. ಅವರಲ್ಲಿ ಹೆಚ್ಚಿನವರು ವಿದೇಶಿ ಬಾವುಟದ ಹಡಗುಗಳಲ್ಲಿ ದುಡಿಯುತ್ತಾರೆ. ಭಾರತೀಯ ಅಧಿಕಾರಿಯನ್ನು ಜೊತೆಗೆ ಕೂರಿಸಿಕೊಳ್ಳಲು ಒಂದು ಕಾಲಕ್ಕೆ ಹಿಂಜರಿದಿದ್ದ ಬ್ರಿಟಿಷ್ ಕಂಪನಿಗಳ ಪೈಕಿ ಅನೇಕವು ಇಂದು ಹೆಸರಿಗೂ ಉಳಿದಿಲ್ಲ.

ಆದರೂ ಹಳೆಯ ಪ್ರಶ್ನೆ ಹೊಸ ರೂಪದಲ್ಲಿ ಉಳಿದಿದೆ. ತರಗತಿಯ ಓದು ಮುಗಿಸಿದ ಕೆಡೆಟ್‌ಗೆ ಸಮುದ್ರಸೇವೆಯ ಅವಕಾಶ ದೊರೆಯದಿದ್ದರೆ ಪರೀಕ್ಷೆಗೆ ಅರ್ಹತೆಯಿಲ್ಲ ಎಂಬ ನಿಯಮ ಇಂದಿಗೂ ಇದೆ. ಖಾಸಗಿ ಸಂಸ್ಥೆಗಳಲ್ಲಿ ಹೆಚ್ಚಿನ ಶುಲ್ಕ ತೆತ್ತು ಕಲಿತು, ಹಡಗಿನಲ್ಲಿ ಎಡೆ ದೊರೆಯದೆ ಕಾಯುವ ತರುಣರಿದ್ದಾರೆ. ಈ ವೃತ್ತಿಗೆ ಮಕ್ಕಳನ್ನು ಕಳುಹಿಸಬಯಸುವ ಪೋಷಕರು, ಸಂಸ್ಥೆಗೆ ನೌಕಾಯಾನ ಮಹಾನಿರ್ದೇಶನಾಲಯದ ಮಾನ್ಯತೆ ಇದೆಯೇ, ಓದು ಮುಗಿದ ಬಳಿಕ ಹಡಗಿನಲ್ಲಿ ತರಬೇತಿ ಕೊಡಿಸುವ ಹೊಣೆಯನ್ನು ಯಾರು ಹೊರುತ್ತಾರೆ ಎಂಬೆರಡನ್ನು ಮೊದಲೇ ವಿಚಾರಿಸಿಕೊಳ್ಳುವುದು ಒಳಿತು.

ಪ್ರಮುಖ ಘಟ್ಟಗಳು

1859: ಲಿವರ್‌ಪೂಲ್‌ನಲ್ಲಿ ‘ಕಾನ್ವೇ’ ತರಬೇತಿ ಹಡಗು ಆರಂಭ.
1904: ‘ಡಫರಿನ್’ ಹಡಗಿನ ನಿರ್ಮಾಣ.
1919: ‘ಲಾಯಲ್ಟಿ’ ಮುಂಬಯಿಯಿಂದ ಲಂಡನ್ನಿಗೆ ಯಾನ.
1922: ಶಾಸನಸಭೆಯಲ್ಲಿ ಶಿವಸ್ವಾಮಿ ಅಯ್ಯರ್ ಅವರ ನಿರ್ಣಯ.
1924: ಹೆಡ್‌ಲಾಮ್ ಸಮಿತಿಯ ವರದಿ.
1927: ಡಫರಿನ್‌ನಲ್ಲಿ ಮೊದಲ ತಂಡಕ್ಕೆ ಪ್ರವೇಶ.
1958: ಮೊದಲ ತಂಡದ ರಾಮದಾಸ್ ಕಟಾರಿ ನೌಕಾಪಡೆಯ ಮುಖ್ಯಸ್ಥ.
1972: ಡಫರಿನ್ ನಿವೃತ್ತಿ, ‘ರಾಜೇಂದ್ರ’ ಆರಂಭ.
1993: ರಾಜೇಂದ್ರ ನಿವೃತ್ತಿ, ನವಿ ಮುಂಬಯಿಯಲ್ಲಿ ‘ಚಾಣಕ್ಯ’ ಆರಂಭ.
2008: ಭಾರತೀಯ ಮೆರಿಟೈಮ್ ವಿಶ್ವವಿದ್ಯಾಲಯ ಸ್ಥಾಪನೆ.